ನಕ್ಷತ್ರನೌಕೆಯ ಶಾಖ ಎಲ್ಲಿಗೆ ಹೋಗಬೇಕು?

ನಕ್ಷತ್ರಗಳ ನಡುವೆ ಓಡುವ ನೌಕೆಯ ಕಥೆ ಬರೆಯಹೊರಟ ಕಿರಿಯರು ಆಗಾಗ ಸಲಹೆ ಕೇಳಲು ಬರುತ್ತಾರೆ. ಎಲ್ಲರ ಮೊದಲ ಪ್ರಶ್ನೆಯೂ ವೇಗದ್ದೇ. ಎಂಜಿನ್ನುಗಳ ಶಾಖ ನಿರ್ವಹಣೆಯೇ ನನ್ನ ಕಸುಬಾದ್ದರಿಂದ ನಾನು ಅವರನ್ನು ಕೇಳುವುದು ಬೇರೆಯೇ: ನಿಮ್ಮ ಎಂಜಿನ್ ಕಾದಾಗ ಆ ಶಾಖ ಎಲ್ಲಿಗೆ ಹೋಗುತ್ತದೆ?

ಈಗಿನ ರಾಕೆಟ್ಟುಗಳಲ್ಲಿ ಇದಕ್ಕೆ ಸೊಗಸಾದ ಉತ್ತರವಿದೆ. ಅತಿ ತಣ್ಣನೆಯ ದ್ರವ ಇಂಧನ ಬಳಸುವ ಕ್ರಯೋಜೆನಿಕ್ ಎಂಜಿನ್ನಿನ ದಹನ ಕೋಣೆಯಲ್ಲಿ ಉಷ್ಣತೆ 3,000 ಡಿಗ್ರಿ ಸೆಲ್ಸಿಯಸ್ ದಾಟುತ್ತದೆ. ಅದರ ಅರ್ಧದಷ್ಟು ಕಾದರೂ ಸಾಕು, ತಾಮ್ರದ ಮಿಶ್ರಲೋಹದ ಗೋಡೆ ಕರಗಿಹೋಗಬೇಕು. ಆದರೂ ಕರಗುವುದಿಲ್ಲ. ಗೋಡೆಯೊಳಗೆ ಕೊರೆದ, ಮಿಲಿಮೀಟರ್ ಆಸುಪಾಸಿನ ಕಾಲುವೆಗಳಲ್ಲಿ ಅತಿ ತಣ್ಣನೆಯ ಹೈಡ್ರೋಜನ್ ಹರಿಯುತ್ತಿರುತ್ತದೆ. ಶಾಖವನ್ನು ಹೊತ್ತುಕೊಂಡ ಅದೇ ಹೈಡ್ರೋಜನ್ ಕೊನೆಗೆ ಉರಿದು ಹೊರಬೀಳುತ್ತದೆ. ಪರೀಕ್ಷೆ ಮುಗಿದ ಎಂಜಿನ್ನಿನ ಕಂಠದೊಳಕ್ಕೆ ದೀಪ ಹಿಡಿದಾಗ ನಾವು ಹುಡುಕುವುದು ಬಣ್ಣಗೆಟ್ಟ ಗೆರೆಯನ್ನು. ಅದು ಕಂಡಿತೆಂದರೆ ಅಲ್ಲಿನ ಕಾಲುವೆಯಲ್ಲಿ ಹರಿವು ತಗ್ಗಿತ್ತೆಂಬ ಅನುಮಾನ. ಉಗುರಿನಗಲದ ಜಾಗಕ್ಕೆ ತಂಪು ತಪ್ಪಿದರೂ ಗೋಡೆ ತೂತು ಬೀಳಬಹುದು.

ಆದರೆ ನಕ್ಷತ್ರದ ಪಯಣಕ್ಕೆ ಈ ಎಂಜಿನ್ ಸಾಲದು. ಸೆಕೆಂಡಿಗೆ 17 ಕಿ.ಮೀ. ವೇಗದಲ್ಲಿರುವ ವಾಯೇಜರ್ 1 ಗಗನನೌಕೆಗೆ, ಸೂರ್ಯನನ್ನು ಬಿಟ್ಟರೆ ನಮಗೆ ಅತಿ ಹತ್ತಿರದ ನಕ್ಷತ್ರ ಪ್ರಾಕ್ಸಿಮಾ ಇರುವಷ್ಟು ದೂರ, ಅಂದರೆ 4.24 ಜ್ಯೋತಿರ್ವರ್ಷ, ಕ್ರಮಿಸಲು ಸುಮಾರು 75,000 ವರ್ಷ ಬೇಕು. ಬೆಳಕಿನ ವೇಗದ ಹತ್ತನೇ ಒಂದು ಪಾಲು ಮುಟ್ಟಬೇಕೆಂದರೆ, ನೌಕೆಯ ಒಂದೊಂದು ಕಿಲೋಗ್ರಾಂಗೂ 12.5 ಕೋಟಿ ಯೂನಿಟ್ ವಿದ್ಯುತ್ತಿನಷ್ಟು ಶಕ್ತಿ ತುಂಬಬೇಕು.

ಈ ಲೆಕ್ಕವನ್ನು ಮನಸ್ಸಿಟ್ಟು ಮಾಡಿದವರು ಬ್ರಿಟಿಷ್ ಇಂಟರ್‌ಪ್ಲಾನೆಟರಿ ಸೊಸೈಟಿಯವರು. 1973ರಿಂದ 1978ರವರೆಗೆ ಆಲನ್ ಬಾಂಡ್ ಮುಂದಾಳತ್ವದಲ್ಲಿ ಅವರು ರೂಪಿಸಿದ ಡೆಡಲಸ್ ಎಂಬ ನೌಕೆ ಕಾಗದದ ಮೇಲೆಯೇ ಉಳಿಯಿತು. ಹಾಗಿದ್ದೂ ನಾನು ಕಿರಿಯರಿಗೆಲ್ಲ ಅದನ್ನೇ ಮೊದಲು ಓದಲು ಹೇಳುತ್ತೇನೆ. ಸುಮಾರು 54,000 ಟನ್ ತೂಕ, ಅದರಲ್ಲಿ 50,000 ಟನ್ ಇಂಧನವೇ. ಡ್ಯೂಟೇರಿಯಂ (ಭಾರದ ಹೈಡ್ರೋಜನ್) ಮತ್ತು ಹೀಲಿಯಂ-3 (ಹಗುರ ಬಗೆಯ ಹೀಲಿಯಂ) ತುಂಬಿದ ಗುಳಿಗೆಗಳನ್ನು ಸೆಕೆಂಡಿಗೆ 250ರಂತೆ ಕೋಣೆಗೆ ಎಸೆದು, ಎಲೆಕ್ಟ್ರಾನ್ ಕಿರಣಗಳಿಂದ ಸಿಡಿಸುವುದು. ಗುರಿ 5.9 ಜ್ಯೋತಿರ್ವರ್ಷ ದೂರದ ಬರ್ನಾರ್ಡ್ ನಕ್ಷತ್ರ, ವೇಗ ಬೆಳಕಿನ ಶೇ. 12, ಪಯಣ ಸುಮಾರು 50 ವರ್ಷ. ನಿಲ್ಲಲು ಇಂಧನವಿಲ್ಲ, ಹಾದುಹೋಗುವುದಷ್ಟೇ.

ಇಂಧನದ ಆಯ್ಕೆಯಲ್ಲೇ ಅವರ ಜಾಣ್ಮೆ ಇದೆ. ಹಗುರ ಪರಮಾಣುಗಳನ್ನು ಬೆಸೆದು ಶಕ್ತಿ ಪಡೆಯುವ ಭೂಮಿಯ ಸಮ್ಮಿಲನ ಪ್ರಯೋಗಗಳು ನೆಚ್ಚಿಕೊಂಡಿರುವ ಡ್ಯೂಟೇರಿಯಂ-ಟ್ರಿಟಿಯಂ (ಇನ್ನೂ ಭಾರದ ಹೈಡ್ರೋಜನ್) ಜೋಡಿ ಸುಲಭವಾಗಿ ಹೊತ್ತಿಕೊಳ್ಳುತ್ತದೆ, ಆದರೆ ಅದರ ಶಕ್ತಿಯಲ್ಲಿ ಶೇ. 80ರಷ್ಟು ನ್ಯೂಟ್ರಾನುಗಳ ಪಾಲು. ನ್ಯೂಟ್ರಾನಿಗೆ ವಿದ್ಯುದಾವೇಶವಿಲ್ಲ, ಅಯಸ್ಕಾಂತದ ಮಾತು ಅದು ಕೇಳದು. ನೌಕೆಯ ಮೈಗೆ ನುಗ್ಗಿ ಅದನ್ನು ಕಾಯಿಸುತ್ತದೆ. ಹೀಲಿಯಂ-3 ಬಳಸಿದರೆ ಮುಖ್ಯ ಕ್ರಿಯೆಯಿಂದ ಹೊರಡುವ ಎರಡೂ ಕಣಗಳು ಆವೇಶವುಳ್ಳವು, ಕಾಂತಕ್ಷೇತ್ರದಿಂದ ಹಿಂದಕ್ಕೆ ತಳ್ಳಬಹುದು. ಈ ಒಂದು ಲಾಭಕ್ಕಾಗಿ, ಭೂಮಿಯಲ್ಲಿ ತೀರಾ ವಿರಳವಾದ ಹೀಲಿಯಂ-3 ಅನ್ನು ಗುರುಗ್ರಹದ ವಾತಾವರಣದಿಂದ ಸೋಸಿ ತರಲೂ ಅವರು ಯೋಜನೆ ಹಾಕಿದ್ದರು.

ಇಷ್ಟಾದರೂ ಶಾಖ ಉಳಿಯುತ್ತದೆ. ನಿರ್ವಾತದಲ್ಲಿ ಅದನ್ನು ಒಯ್ಯಲು ಗಾಳಿಯಿಲ್ಲ, ನೀರಿಲ್ಲ, ವಿಕಿರಣವೊಂದೇ ದಾರಿ. ಅದು, ಮೈನಸ್ 273 ಡಿಗ್ರಿಯನ್ನು ಸೊನ್ನೆಯಾಗಿಟ್ಟು ಎಣಿಸಿದ ಉಷ್ಣತೆಯ ನಾಲ್ಕನೇ ಘಾತದಂತೆ ಏರುತ್ತದೆ. 27 ಡಿಗ್ರಿಯ ಒಂದು ಚದರ ಮೀಟರ್ ಫಲಕ ಹೆಚ್ಚೆಂದರೆ 460 ವಾಟ್ ಹೊರಹಾಕೀತು. ಅದೇ ಫಲಕವನ್ನು 1,327 ಡಿಗ್ರಿಗೆ ಕಾಯಿಸಿದರೆ 3.7 ಲಕ್ಷ ವಾಟ್. ಡೆಡಲಸ್‌ನ ಕೋಣೆಗೆ ಮಾಲಿಬ್ಡಿನಂ ಮಿಶ್ರಲೋಹ ಆರಿಸಿದ್ದು ಹೆಚ್ಚೂಕಡಿಮೆ ಆ ಉಷ್ಣತೆಯನ್ನು ತಾಳಲೆಂದೇ. ಆದರೆ ಕಾಂತಕ್ಷೇತ್ರ ಹುಟ್ಟಿಸುವ ಪಕ್ಕದ ಅತಿವಾಹಕ (ತಡೆಯಿಲ್ಲದೆ ವಿದ್ಯುತ್ ಹರಿಸುವ) ಸುರುಳಿಗಳು ತೀರಾ ತಣ್ಣಗಿರಬೇಕು, ಅವುಗಳ ಶಾಖವನ್ನು ಹೊರಗೆ ಕಳಿಸುವುದು ಅಷ್ಟೇ ಕಷ್ಟ. ನನಗೆ ಇಡೀ ವಿನ್ಯಾಸದಲ್ಲಿ ಅತಿ ಕಠಿಣವೆನಿಸುವ ಜಾಗ ಇದೇ. ಕಲ್ಪನೆಯ ನೌಕೆಗಳ ಚಿತ್ರಗಳಲ್ಲಿ ಕೆಂಪಗೆ ಕಾದ ವಿಶಾಲ ಫಲಕಗಳು ಕಾಣದಿದ್ದರೆ ನನಗೆ ನಿಜಕ್ಕೂ ಬೇಸರವಾಗುತ್ತದೆ. ಅವು ನೌಕೆಗೆ ಅಂದ ತರುವಂಥವೇ.

ಎಂಜಿನ್ನನ್ನು ನೆಲದಲ್ಲೇ ಬಿಟ್ಟುಹೋದರೂ ಶಾಖ ಬಿಡುವುದಿಲ್ಲ. 2016ರಲ್ಲಿ ಪ್ರಕಟವಾದ ಬ್ರೇಕ್‌ಥ್ರೂ ಸ್ಟಾರ್‌ಶಾಟ್ ಯೋಜನೆಯಲ್ಲಿ ಕೆಲವೇ ಗ್ರಾಂ ತೂಕದ ಹಾಯಿಯನ್ನು ಭೂಮಿಯಿಂದ ಸುಮಾರು 100 ಗಿಗಾವಾಟ್ ಲೇಸರ್ ತಳ್ಳಬೇಕು. ಬಿದ್ದ ಬೆಳಕಿನಲ್ಲಿ ಲಕ್ಷಕ್ಕೊಂದು ಪಾಲನ್ನು ಹಾಯಿ ಹೀರಿಕೊಂಡರೂ ಅದು 10 ಲಕ್ಷ ವಾಟ್. ಹಾಗಾಗಿ ಆ ಹಾಯಿಗೆ ಬೇಕಾದ ವಸ್ತು ಲೇಸರಿನ ಬಣ್ಣವನ್ನು ಹೀರದೆ ಹಿಂದಿರುಗಿಸಬೇಕು, ಅವಕೆಂಪು ಕಿರಣಗಳಾಗಿ ಶಾಖವನ್ನು ಧಾರಾಳವಾಗಿ ಚೆಲ್ಲಲೂಬೇಕು.