ಸಿಲಿಂಡರ್ ಖಾಲಿಯಾಗ್ತಾ ಬಂದರೂ ಉರಿ ಯಾಕೆ ಇಳಿಯಲ್ಲ?

ಹುಬ್ಬಳ್ಳಿಯ ವಿದ್ಯಾನಗರದಿಂದ ಓದುಗರೊಬ್ಬರು ಕೇಳಿದ್ದಾರೆ: "ಹೊಸ ಸಿಲಿಂಡರ್ ಹಚ್ಚಿದ ದಿನ ಒಲೆ ಹೇಗೆ ಉರಿಯುತ್ತೋ, ಇಪ್ಪತ್ತು ದಿನ ಆದಮೇಲೂ ಹಾಗೇ ಉರಿಯುತ್ತೆ. ಒಳಗಿನ ಗ್ಯಾಸ್ ಕಡಿಮೆಯಾದರೂ ಉರಿ ಯಾಕೆ ಇಳಿಯಲ್ಲ?"

14.2 ಕೆಜಿ ಸಿಲಿಂಡರಿನಲ್ಲಿ ಇರೋದು ಹೆಚ್ಚಾಗಿ ದ್ರವ. ಅಲ್ಲಾಡಿಸಿದರೆ ಒಳಗೆ ಕುಲುಕುತ್ತಲ್ಲ, ಅದೇ. ಅದರಿಂದ ಆವಿ ಏಳುತ್ತಲೇ ಇರುತ್ತೆ. ಹಾಗಾಗಿ ದ್ರವ ಉಳಿದಿರುವವರೆಗೂ ಒಳಗಿನ ಒತ್ತಡ ಬಹುಮಟ್ಟಿಗೆ ಸಿಲಿಂಡರ್ ಎಷ್ಟು ಬೆಚ್ಚಗಿದೆ ಅನ್ನೋದರ ಮೇಲೆ ನಿಂತಿರುತ್ತೆ. ಚದರ ಸೆಂಟಿಮೀಟರಿಗೆ 5 ಕೆಜಿ ಆಸುಪಾಸು ಅಂತಿಟ್ಟುಕೊಳ್ಳಿ. ಒಲೆಗೆ ಬೇಕಾದದ್ದು ಬರೀ 30 ಗ್ರಾಂ! ಕೊಡದಲ್ಲಿ ಒಂದಡಿ ನೀರು ನಿಂತರೆ ತಳಕ್ಕೆ ಬೀಳುವಷ್ಟು.

ಈ ಅಂತರವನ್ನು ನುಂಗುವುದೇ ರೆಗ್ಯುಲೇಟರ್. ಕೆಟ್ಟುಹೋದ ಹಳೇದೊಂದನ್ನು ಬಿಚ್ಚಿ ನೋಡಿದ್ದೇನೆ. ಒಳಗೆ ತಟ್ಟೆಯಂಥ ಅಗಲ ರಬ್ಬರ್ ಪರದೆ, ಮೇಲೊಂದು ಸ್ಪ್ರಿಂಗ್, ಕೆಳಗೆ ಸಣ್ಣ ಸನ್ನೆ. ಸನ್ನೆಯ ತುದಿಯ ರಬ್ಬರ್ ಗುಂಡಿ ಗ್ಯಾಸ್ ಬರುವ ಸಣ್ಣ ತೂತನ್ನು ಮುಚ್ಚುತ್ತೆ, ತೆರೆಯುತ್ತೆ. ಸ್ಪ್ರಿಂಗ್ ಪರದೆಯನ್ನು ಕೆಳಗೆ ಒತ್ತಿದರೆ ತೂತು ತೆರೆಯುತ್ತೆ. ಒಳಬಂದ ಗ್ಯಾಸ್ ಪರದೆಯನ್ನು ಮೇಲೆತ್ತಿದರೆ ಮುಚ್ಚುತ್ತೆ. ಇನ್ನೊಂದು ಬರ್ನರ್ ಹಚ್ಚಿದಿರೋ, ಒತ್ತಡ ಚೂರು ಇಳಿಯುತ್ತೆ, ಪರದೆ ತಗ್ಗುತ್ತೆ, ಗ್ಯಾಸ್ ಜಾಸ್ತಿ ಬರುತ್ತೆ. ಪರದೆ ಅಗಲ, ತೂತು ಚಿಕ್ಕದು; ಸಿಲಿಂಡರಿನ ಒತ್ತಡ ತಳ್ಳೋದು ಆ ಚಿಕ್ಕ ತೂತಿನಷ್ಟು ಜಾಗವನ್ನು ಮಾತ್ರ. ಅದಕ್ಕೇ ಸಿಲಿಂಡರಿನ ಒತ್ತಡ ಏರುಪೇರಾದರೂ ಒಲೆಗೆ ಗೊತ್ತೇ ಆಗಲ್ಲ.

ಹುಬ್ಬಳ್ಳಿಯ ದುರ್ಗದಬೈಲಿನಲ್ಲಿ ಮಿರ್ಚಿ ಕರಿಯುವ ಒಲೆಗಳು ಭುಸ್ ಅಂತ ಉರಿಯುತ್ತಲ್ಲ, ಅಂಥ ಒಲೆಗೆ ಹಾಕೋದು ತಿರುಪು ತಿರುಗಿಸಿ ಒತ್ತಡ ಏರಿಸುವ ರೆಗ್ಯುಲೇಟರ್. ಗ್ಯಾಸ್ ಜೋರಾಗಿ ಎಳೆದಾಗ ದ್ರವ ತಣ್ಣಗಾಗಿ ಸಿಲಿಂಡರಿನ ಮೈ ಬೆವರುತ್ತೆ, ಒಮ್ಮೊಮ್ಮೆ ಹಿಮವೂ ಕಟ್ಟುತ್ತೆ. ಆಗ ಉರಿ ನಿಜವಾಗಿ ಸೋಲುತ್ತೆ. ಅಂಥ ರೆಗ್ಯುಲೇಟರ್ ತಂದು ಮನೆ ಒಲೆಗೆ ಹಚ್ಚಬೇಡಿ, ಅಷ್ಟು ಒತ್ತಡಕ್ಕೆ ಮಾಡಿದ ಒಲೆ ಅಲ್ಲ ಅದು.

ರೆಗ್ಯುಲೇಟರಿನ ಮುಚ್ಚಳದಲ್ಲಿ ಸೂಜಿ ಹೋಗುವಷ್ಟು ತೂತೊಂದಿರುತ್ತೆ. ಪರದೆ ಮೇಲೆ ಕೆಳಗೆ ಆಡಲು ಗಾಳಿ ಓಡಾಡಬೇಕಲ್ವಾ, ಅದಕ್ಕೆ. ನಮ್ಮ ಮನೆಯಲ್ಲೇ ಒಮ್ಮೆ ಗ್ಯಾಸ್ ಸೋರೀತು ಅಂತ ಅದಕ್ಕೆ ಎಂ-ಸೀಲ್ ಮೆತ್ತಿದ್ದರು! ಹಾಗೆ ಮುಚ್ಚಬೇಡಿ. ಆದರೆ ಆ ತೂತಿನಿಂದಲೇ ಗ್ಯಾಸ್ ವಾಸನೆ ಬಂದರೆ ಪರದೆ ಹರಿದಿರಬಹುದು. ರೆಗ್ಯುಲೇಟರ್ ಆಫ್ ಮಾಡಿ ಬಿಚ್ಚಿ, ಸಿಲಿಂಡರಿಗೆ ಮುಚ್ಚಳ ಹಾಕಿ, ಕಿಟಕಿ ತೆರೆದು 1906ಕ್ಕೆ ಫೋನ್ ಮಾಡಿ. ಫೋನನ್ನು ಮಾತ್ರ ಮನೆ ಹೊರಗೆ ಬಂದು ಮಾಡಿ.