ಲಕ್ವದ ಮೊದಲ ಸ್ಕ್ಯಾನ್‌ಗೆ ಡೈ ಯಾಕಿಲ್ಲ?

ಲಕ್ವ ಹೊಡೆದವರನ್ನು ಸಿಟಿ ಸ್ಕ್ಯಾನ್‌ಗೆ ಒಳಗೆ ಒಯ್ದಾಗ ಹೊರಗೆ ನಿಂತವರು ಕೇಳುವುದುಂಟು: ಡೈ (ರಕ್ತನಾಳ ಎದ್ದು ಕಾಣಲೆಂದು ಚುಚ್ಚುವ ದ್ರವ) ಹಾಕಿ ತೆಗೆದರೆ ಚೆನ್ನಾಗಿ ಕಾಣುತ್ತದಲ್ಲ, ಬರೀ ಸ್ಕ್ಯಾನ್ ಯಾಕೆ? ಕಾರಣ ಇಷ್ಟೆ. ಸಿಟಿಯಲ್ಲಿ ಹೊಸ ರಕ್ತವೂ ಬಿಳಿ, ಡೈಯೂ ಬಿಳಿ. ಮೊದಲೇ ಡೈ ಬಿಟ್ಟರೆ ಯಾವುದು ಯಾವುದೆಂದು ಹೇಳುವುದು ಕಷ್ಟ.

ಪಾರ್ಶ್ವವಾಯುವಿನಲ್ಲಿ ಎರಡು ಬಗೆ. ಮಿದುಳಿನ ರಕ್ತನಾಳದಲ್ಲಿ ಹೆಪ್ಪು ಸಿಕ್ಕಿಕೊಳ್ಳುವುದು ಒಂದು, ನಾಳ ಒಡೆದು ರಕ್ತ ಸೋರುವುದು ಇನ್ನೊಂದು. ಬಾಯಿ ಸೊಟ್ಟಗಾಗುವುದು, ಕೈ ಬೀಳುವುದು, ಮಾತು ತೊದಲುವುದು ಎರಡರಲ್ಲೂ ಇರುತ್ತದೆ. ಚಿಕಿತ್ಸೆ ಮಾತ್ರ ತದ್ವಿರುದ್ಧ. ಹೆಪ್ಪು ಕರಗಿಸುವ ಇಂಜೆಕ್ಷನ್ ರಕ್ತಸ್ರಾವ ಆದವರಿಗೆ ಬಿದ್ದರೆ ಜೀವಕ್ಕೇ ಕುತ್ತು.

ಸಿಟಿ ಯಂತ್ರ ಅಳೆಯುವುದು ಎಕ್ಸ್‌ರೇ ಎಷ್ಟು ಹೀರಲ್ಪಟ್ಟಿತು ಎಂಬುದನ್ನು; ಹೆಚ್ಚು ಹೀರಿದಷ್ಟೂ ಚಿತ್ರ ಬಿಳಿ. ಹೌನ್ಸ್‌ಫೀಲ್ಡ್ ಅಳತೆಯಲ್ಲಿ ನೀರು 0, ಮಿದುಳಿನ ಅಂಗಾಂಶ ಸುಮಾರು 25ರಿಂದ 40, ಹೊಸ ರಕ್ತಗಟ್ಟೆ 60ರಿಂದ 80. ರಕ್ತ ಬೆಳ್ಳಗೆ ಕಾಣುವುದು ಕಬ್ಬಿಣದಿಂದ ಅಂದುಕೊಳ್ಳುವವರಿದ್ದಾರೆ. ನಿಜವಾಗಿ ಅದು ಹಿಮೋಗ್ಲೋಬಿನ್ನಿನ ಪ್ರೋಟೀನ್ ಒತ್ತಾಗಿ ಸೇರಿದ್ದರ ಫಲ. ಹಾಗಾಗಿಯೇ ತೀವ್ರ ರಕ್ತಹೀನತೆ ಇದ್ದವರಲ್ಲಿ ಹೊಸ ರಕ್ತಸ್ರಾವವೂ ಮಂಕಾಗಿ ಕಂಡು ಕಣ್ತಪ್ಪಬಹುದು.

ಹೆಚ್ಚು ಎಡವಟ್ಟು ಆಗುವುದು ಇನ್ನೊಂದು ಕಡೆ. ಹೆಪ್ಪು ಕಟ್ಟಿದ ಲಕ್ವದಲ್ಲಿ ಮೊದಲ ಕೆಲ ಗಂಟೆ ಸಿಟಿ ಬಹುಪಾಲು ಸರಿಯಾಗಿಯೇ ಕಾಣುತ್ತದೆ. ‘ಸ್ಕ್ಯಾನ್ ನಾರ್ಮಲ್’ ಎಂದು ಕೇಳಿ ಮನೆಯವರು ನಿರಾಳರಾಗುತ್ತಾರೆ, ನಾಟಿ ಔಷಧಿಯ ಮಾತು ಶುರುವಾಗುತ್ತದೆ. ಕೈ ಬಿದ್ದಿದೆ, ಸ್ಕ್ಯಾನ್‌ನಲ್ಲಿ ರಕ್ತ ಇಲ್ಲ ಅಂದರೆ ಇಂಜೆಕ್ಷನ್ ಕೊಡಲು ದಾರಿ ತೆರೆದಿದೆ ಎಂದರ್ಥ. ರಕ್ತದ ಸಕ್ಕರೆ ನೋಡಿರಬೇಕು, ಏಕೆಂದರೆ ಸಕ್ಕರೆ ಕುಸಿದರೂ ಲಕ್ವದ ಹಾಗೇ ಕಾಣಬಹುದು. ಬಿಪಿ 185/110ಕ್ಕಿಂತ ಕೆಳಗಿರಬೇಕು. ಹೆಪ್ಪು ಕರಗಿಸುವ ಔಷಧ ಟೆನೆಕ್ಟೆಪ್ಲೇಸ್ ಆದರೆ ಕಿಲೋ ತೂಕಕ್ಕೆ 0.25 ಮಿಲಿಗ್ರಾಂ, ಹೆಚ್ಚೆಂದರೆ 25 ಮಿಲಿಗ್ರಾಂ, ಒಂದೇ ಸಲಕ್ಕೆ.

ಈ ಇಂಜೆಕ್ಷನ್‌ಗೆ ಗಡುವು 4.5 ಗಂಟೆ. ಲೆಕ್ಕ ಶುರುವಾಗುವುದು ಲಕ್ವ ಕಣ್ಣಿಗೆ ಬಿದ್ದ ಹೊತ್ತಿನಿಂದಲ್ಲ, ಮನುಷ್ಯ ಕೊನೆಯದಾಗಿ ಸರಿ ಇದ್ದ ಹೊತ್ತಿನಿಂದ. ನಸುಕಿನ 3ಕ್ಕೆ ದೋಣಿ ಹತ್ತುವಾಗ ನೆಟ್ಟಗಿದ್ದವರು, 5ಕ್ಕೆ ದೋಣಿಯಲ್ಲೇ ಕುಸಿದು ಬಿದ್ದದ್ದು ಕಂಡಿತು ಅಂದರೆ, ನಡುವೆ ಅವರನ್ನು ಯಾರೂ ಗಮನಿಸಿರದಿದ್ದಲ್ಲಿ ಗಡಿಯಾರ 3ರಿಂದಲೇ. ನಿದ್ದೆಯಲ್ಲೇ ಲಕ್ವ ಆದವರಿಗೆ ಎಂಆರ್‌ಐ ನೆರವಾಗುತ್ತದೆ. ಅದರ ಡಿಫ್ಯೂಷನ್ ಚಿತ್ರದಲ್ಲಿ ಹಾನಿ ನಿಮಿಷಗಳಲ್ಲೇ ಮೂಡುತ್ತದೆ, ಫ್ಲೇರ್ ಚಿತ್ರದಲ್ಲಿ ಗಂಟೆಗಳು ಬೇಕು. ಮೊದಲಿನದರಲ್ಲಿ ಕಂಡು ಎರಡನೆಯದರಲ್ಲಿ ಕಾಣದಿದ್ದರೆ ಲಕ್ವ ಇತ್ತೀಚಿನದು. ಇದಕ್ಕೂ ಡೈ ಬೇಡ.

ಹಾಗಾದರೆ ಡೈ ಯಾವಾಗ? ಹೆಪ್ಪು ಎಲ್ಲಿ ಸಿಕ್ಕಿದೆ ಎಂದು ತಿಳಿಯಬೇಕಾದಾಗ. ಅದೇ ಮೇಜಿನ ಮೇಲೆ, ಎದೆಯ ಮಹಾಪಧಮನಿಯ ಕಮಾನಿನಿಂದ ನೆತ್ತಿಯವರೆಗೆ ಸಿಟಿ ಆಂಜಿಯೋ, ಅಂದರೆ ಡೈ ಬಿಟ್ಟು ರಕ್ತನಾಳಗಳ ಚಿತ್ರ. ಅಯೋಡಿನ್ ಇರುವ ದ್ರವ 60ರಿಂದ 80 ಮಿಲಿ, ಸೆಕೆಂಡಿಗೆ 4–5 ಮಿಲಿ ವೇಗದಲ್ಲಿ, ಹಿಂದೆಯೇ ಸಲೈನ್. ಇಷ್ಟು ವೇಗಕ್ಕೆ ಬಲ ಮೊಣಕೈ ಮಡಿಕೆಯಲ್ಲಿ 18 ಗೇಜ್‌ನ ದಪ್ಪ ಸೂಜಿ ಬೇಕು. ಎಡಗೈಯಿಂದ ಹೋದ ಗಾಢ ಡೈ ಕಮಾನಿನ ಮುಂದೆಯೇ ಹಾದು, ಅಲ್ಲಿನ ಚಿತ್ರಕ್ಕೆ ಗೆರೆ ಎಳೆಯುತ್ತದೆ. ಅಂಗೈ ಹಿಂಭಾಗದ ಸಣ್ಣ ಸೂಜಿಯಲ್ಲಿ ತಳ್ಳಿದರೆ ನಾಳದಿಂದ ಹೊರಗೆ ಸೋರಿ ಕೈ ಊದಬಹುದು. ನಿಧಾನಕ್ಕೆ ಬಿಟ್ಟರೆ ಅಪಧಮನಿ ತುಂಬದೆ ಸ್ಕ್ಯಾನೇ ದಂಡ. ಹೃದಯ ದುರ್ಬಲವಾಗಿದ್ದರೆ ಡೈ ತಡವಾಗಿ ತಲುಪುತ್ತದೆ. ಅದಕ್ಕೇ ತಂತ್ರಜ್ಞರು ಅಂದಾಜಿಗೆ ಬಟನ್ ಒತ್ತದೆ, ಮಹಾಪಧಮನಿಯಲ್ಲಿ ಡೈ ಏರುವುದನ್ನು ನೋಡಿ ಸ್ಕ್ಯಾನ್ ಶುರು ಮಾಡುತ್ತಾರೆ.

ನಮ್ಮ ಉತ್ತರ ಕನ್ನಡ ಜಿಲ್ಲೆಗೆ ಈ ಚಿತ್ರದ ಬೆಲೆ ಹೆಚ್ಚು. ದೊಡ್ಡ ನಾಳ ಮುಚ್ಚಿದ್ದರೆ ಇಂಜೆಕ್ಷನ್ ಒಂದೇ ಸಾಲದೆ ಹೋಗಬಹುದು. ತೊಡೆಸಂದಿಯಿಂದ ಕ್ಯಾತಿಟರ್ ಎಂಬ ತೆಳು ಕೊಳವೆ ತೂರಿಸಿ ಹೆಪ್ಪು ಎಳೆದು ತೆಗೆಯಬೇಕು. 6 ಗಂಟೆಯೊಳಗೆ ಮಾಡಿದರೆ ಉತ್ತಮ, ಆಯ್ದ ಕೆಲವರಿಗೆ 24 ಗಂಟೆಯವರೆಗೂ ಅವಕಾಶವಿದೆ. ಅಂಥವರನ್ನು ಕಾರವಾರದಿಂದ ಗೋವೆಗೋ ಮಣಿಪಾಲಕ್ಕೋ, ಶಿರಸಿಯಿಂದ ಹುಬ್ಬಳ್ಳಿಗೋ ಕಳಿಸಬೇಕೆ ಎಂಬುದನ್ನು ಆಂಜಿಯೋ ಹೇಳುತ್ತದೆ. ಸಣ್ಣ ನಾಳದ ಲಕ್ವ ಆದವರನ್ನು ಸುಮ್ಮನೆ ಅರಬೈಲು ಘಟ್ಟ ಹತ್ತಿಸುವುದೂ ತಪ್ಪುತ್ತದೆ. 2024ರ ಜುಲೈನಲ್ಲಿ ಶಿರೂರಿನಲ್ಲಿ ಗುಡ್ಡ ಕುಸಿದು ಹೆದ್ದಾರಿಯೇ ಬಂದಾದ ಜಿಲ್ಲೆಯಿದು. ಹೊರಡುವ ಮೊದಲೇ ಹೋಗಬೇಕೋ ಬೇಡವೋ ಗೊತ್ತಿರಬೇಕು. ಹಾಗೆಂದು ಆಂಜಿಯೋಕ್ಕಾಗಿ ಇಂಜೆಕ್ಷನ್ ತಡೆಹಿಡಿಯಬಾರದು. ಚಿತ್ರಗಳನ್ನೂ ಫಿಲ್ಮಿನ ಫೋಟೋ ಹೊಡೆದು ಕಳಿಸದೆ ಸ್ಕ್ಯಾನ್ ಯಂತ್ರದ ಮೂಲ ಡಿಜಿಟಲ್ ಕಡತವಾಗಿಯೇ (ಡೈಕಾಂ) ಕಳಿಸಬೇಕು. ಫೋಟೋದಲ್ಲಿ ಸಣ್ಣ ನಾಳ ಕಾಣಿಸುವುದಿಲ್ಲ.

ಕರಾವಳಿಯಲ್ಲಿ ಏಳುವ ಇನ್ನೊಂದು ಮಾತು: ‘ಇವರಿಗೆ ಸಿಗಡಿ ಆಗಿಬರುವುದಿಲ್ಲ, ಡೈ ಹಾಕಬೇಡಿ.’ ಸಿಗಡಿ, ಏಡಿಯ ಅಲರ್ಜಿಗೆ ಮುಖ್ಯ ಕಾರಣ ಟ್ರೋಪೊಮಯೋಸಿನ್ ಎಂಬ ಪ್ರೋಟೀನ್. ಅಯೋಡಿನ್‌ಗೂ ಅದಕ್ಕೂ ನಂಟಿಲ್ಲ. ಹಿಂದೆ ಇದೇ ಡೈಗೆ ಉಸಿರು ಕಟ್ಟಿದ್ದರೋ ಮೈ ದದ್ದು ಎದ್ದಿದ್ದರೋ ಅದನ್ನು ಮಾತ್ರ ತಪ್ಪದೆ ಹೇಳಿ. ಮೂತ್ರಪಿಂಡದ ವರದಿ ಬರಲೆಂದು ತುರ್ತು ಆಂಜಿಯೋ ನಿಲ್ಲಿಸುವ ಅಗತ್ಯ ಸಾಮಾನ್ಯವಾಗಿ ಇರುವುದಿಲ್ಲ. ಮೂತ್ರಪಿಂಡ ತೀರಾ ಸೋತಿದ್ದು ಸಕ್ಕರೆ ಕಾಯಿಲೆಯ ಮೆಟ್‌ಫಾರ್ಮಿನ್ ತೆಗೆದುಕೊಳ್ಳುವವರಾದರೆ ಆ ಮಾತ್ರೆಯನ್ನು 48 ಗಂಟೆ ನಿಲ್ಲಿಸಿ, ರಕ್ತಪರೀಕ್ಷೆ ನೋಡಿಕೊಂಡು ವೈದ್ಯರು ಮುಂದುವರಿಸುತ್ತಾರೆ.