‘ಮಳೆ ಭವಿಷ್ಯ’ವೋ, ‘ಮಳೆ ಮುನ್ಸೂಚನೆ’ಯೋ?

ಓದುಗರ ಪ್ರಶ್ನೆ: ‘ಹವಾಮಾನ ಇಲಾಖೆ ಭಾರಿ ಮಳೆಯ ಭವಿಷ್ಯ ನುಡಿದಿದೆ’ ಎಂದು ಪತ್ರಿಕೆಯಲ್ಲಿ ಓದಿದೆ. ನಮ್ಮ ವಿಜಯಪುರದ ಕಡೆ ಭವಿಷ್ಯ ನುಡಿಯುವುದು ಬಬಲಾದಿ ಮಠದಲ್ಲಿ. ಇಲಾಖೆಗೂ ಅದೇ ಮಾತು ಹೊಂದುತ್ತದೆಯೇ?

ಉತ್ತರ: ಹೊಂದುವುದಿಲ್ಲ. ಇಲಾಖೆ ಕೊಡುವುದು ಮುನ್ಸೂಚನೆ. ಇಂಥ ಅನುಮಾನ ಬಂದಾಗ ಹೆಸರುಪದಕ್ಕಿಂತ ಅದರ ಬೆನ್ನಿಗಿರುವ ಕ್ರಿಯಾಪದವನ್ನು ನೋಡಿ; ಮಾತು ಯಾರದೆಂದು ಅದು ಹೇಳಿಬಿಡುತ್ತದೆ.

‘ಭವಿಷ್ಯ’ ಎಂದರೆ ಮೂಲದಲ್ಲಿ ಮುಂದೆ ಆಗಲಿರುವುದು, ಅಷ್ಟೇ. ‘ಮಕ್ಕಳ ಭವಿಷ್ಯ’, ‘ಭವಿಷ್ಯ ನಿಧಿ’ ಎನ್ನುವಾಗ ಜಾತಕದ ನೆನಪೂ ಬರುವುದಿಲ್ಲ. ‘ಹೇಳು’, ‘ನುಡಿ’ ಸೇರಿದಾಗ ಮಾತ್ರ ಜ್ಯೋತಿಷಿಯೋ ಮಠದ ಮುತ್ಯಾನೋ ಕಣ್ಣೆದುರು ಬರುತ್ತಾರೆ. ಬಬಲಾದಿಯ ಶಿವರಾತ್ರಿ ಜಾತ್ರೆಯಲ್ಲಿ ಕೇಳಿಬರುವುದಕ್ಕೆ ‘ಕಾಲಜ್ಞಾನ’ ಎಂಬುದೇ ಖಚಿತ ಹೆಸರು. ಜನರ ಬಾಯಲ್ಲಿ ಅದು ‘ಮುತ್ಯಾನ ಹೇಳಿಕಿ’. ‘ಕಾರಣಿಕ’ ಬೇರೆ. ಹೂವಿನಹಡಗಲಿ ತಾಲ್ಲೂಕಿನ ಮೈಲಾರದಲ್ಲಿ ಗೊರವಯ್ಯ ಬಿಲ್ಲೇರಿ, ‘ಸದ್ದಲೇ’ ಎಂದು ಕೂಗಿ, ನೆರೆದವರೆಲ್ಲ ಸುಮ್ಮನಾದ ಮೇಲೆ ನುಡಿಯುವ ಒಂದೇ ಸಾಲು ಅದು. ಮಳೆಗೋ, ಬೆಳೆಗೋ, ರಾಜಕೀಯಕ್ಕೋ, ಅರ್ಥ ಬಿಡಿಸುವುದು ಕೇಳಿದವರಿಗೆ ಬಿಟ್ಟದ್ದು.

ಶಕುನವನ್ನು ಯಾರೂ ಕೊಡುವುದಿಲ್ಲ. ಅದು ‘ಆಗುತ್ತದೆ’, ನಾವು ‘ನೋಡುತ್ತೇವೆ’. ಸಂಸ್ಕೃತದಲ್ಲಿ ಶಕುನವೆಂದರೆ ಹಕ್ಕಿ. ಬುಡಬುಡಿಕೆಯವರು ‘ಹಾಲಕ್ಕಿ ನುಡಿತೈತಿ’ ಎಂದು ಬಾಗಿಲಿಗೆ ಬರುವಾಗ ಆ ಹಳೆಯ ನಂಟು ಇನ್ನೂ ಕೇಳಿಸುತ್ತದೆ. ಕಣಿಯನ್ನಾದರೋ ಒಬ್ಬರು ಕೇಳಬೇಕು, ಇನ್ನೊಬ್ಬರು ಹೇಳಬೇಕು.

ಮುನ್ಸೂಚನೆಯ ಹಿಂದೆ ಅಳತೆ ಇರುತ್ತದೆ. ‘ಭಾರಿ ಮಳೆ’ ಎಂದರೆ 24 ಗಂಟೆಯಲ್ಲಿ 64.5ರಿಂದ 115.5 ಮಿಲಿಮೀಟರ್, ಅದನ್ನು ದಾಟಿ 204.4ರವರೆಗೆ ‘ಅತಿ ಭಾರಿ’. ಮುಂಗಾರು ‘ವಾಡಿಕೆಯಷ್ಟು’ ಎಂದರೆ ದೇಶದ ದೀರ್ಘಾವಧಿ ಸರಾಸರಿಯಾದ 87 ಸೆಂಟಿಮೀಟರಿನ ಶೇ 96ರಿಂದ 104. ಅದು ಇಡೀ ದೇಶದ ಲೆಕ್ಕ. ಅದನ್ನೇ ಹುನಗುಂದದ ಹೊಲಕ್ಕೆ ಹಚ್ಚಿ ಬಿತ್ತಿಗೆಗೆ ಇಳಿದರೆ ಮೋಸ ಹೋಗುತ್ತೇವೆ. ಬಿತ್ತುವವರು ನೋಡಬೇಕಾದದ್ದು ತಮ್ಮ ಜಿಲ್ಲೆಯ ಐದು ದಿನದ ಮುನ್ಸೂಚನೆ. ‘ಭವಿಷ್ಯ ನುಡಿದಿದೆ’ ಎಂದು ಬರೆದಾಗ ಈ ಅಳತೆ, ಅವಧಿ, ಜಾಗ ಮೂರೂ ಮರೆಯಾಗುತ್ತವೆ. ನಮಗೆ ಆ ಬಳಕೆ ಸಲ್ಲದು ಅನ್ನಿಸುವುದು ಇದಕ್ಕೇ. ‘ಮುನ್ನೆಚ್ಚರಿಕೆ’ಯನ್ನೂ ಇಲ್ಲಿಗೆ ತರಬೇಡಿ: ಮುನ್ಸೂಚನೆ ಇಲಾಖೆ ಕೊಡುವುದು, ಮುನ್ನೆಚ್ಚರಿಕೆ ನಾವು ವಹಿಸುವುದು.

‘ರೋಹಿಣಿ ಮಳಿ ಕೂಡ್ತು’ ಎಂಬುದು ಇದಾವುದೂ ಅಲ್ಲ. ಸೂರ್ಯ ಮೇ 25ರ ಸುಮಾರಿಗೆ ರೋಹಿಣಿ ನಕ್ಷತ್ರಕ್ಕೆ ಬಂದ ಎಂಬ ಪಂಚಾಂಗದ ಲೆಕ್ಕ ಅದು. ಹನಿ ಬೀಳದಿದ್ದರೂ ಮಳಿ ‘ಕೂಡುತ್ತದೆ’.

ಹೇಳಿದಂತೆ ಆಗದಿದ್ದಾಗಲೂ ಕ್ರಿಯಾಪದ ಬೇರೆಬೇರೆ. ಮುನ್ಸೂಚನೆ ತಪ್ಪುತ್ತದೆ, ಅಂದಾಜು ಏರುಪೇರಾಗುತ್ತದೆ, ನುಡಿ ಹುಸಿಯಾಗುತ್ತದೆ.